ಅಪ್ಪ ಕೇಳಿಸಿಕೊಂಡದ್ದು

"ಎಡಕ್ಕೆ ಅಂದ್ನಲ್ಲ, ಎಡಕ್ಕೆ. ನಿಮ್ಮ ಎಡ ಅಲ್ಲ, ಪೆಟ್ಟಿಗೆ ಎಡ."

ಮೆಟ್ಟಿಲ ತಿರುವಿನಲ್ಲಿ ಅಪ್ಪನ ಪೆಟ್ಟಿಗೆ ಸಿಕ್ಕಿಕೊಂಡು ಕೂತಿತ್ತು. ಮುಂದೆ ಹಿಡಿದ ಇಬ್ಬರು ಗೋಡೆಗೆ ಅಂಟಿಕೊಂಡು ನಿಂತಿದ್ದರು. ಹಿಂದೆ ಹಿಡಿದವರಲ್ಲಿ ಒಬ್ಬ ಅಣ್ಣ. ಬೆಳಗಿನ ಬಸ್ಸಿಗೆ ಬಂದಿಳಿದವನು ಬಟ್ಟೆ ಬದಲಿಸಲೂ ಪುರುಸೊತ್ತಿಲ್ಲದೆ ಇಸ್ತ್ರಿ ಅಂಗಿಯಲ್ಲೇ ಹೆಗಲು ಕೊಟ್ಟಿದ್ದ. ಅಪ್ಪನ ಮಗಳು, ಅವನ ತಂಗಿ, ಮೇಲಿನ ಮೆಟ್ಟಿಲ ಮೇಲೆ ನಿಂತು ಎರಡೂ ಕೈ ಆಡಿಸುತ್ತ ದಾರಿ ತೋರಿಸುತ್ತಿದ್ದಳು. ಯಾರೂ ಅವಳು ಹೇಳಿದ ಕಡೆಗೆ ತಿರುಗುತ್ತಿರಲಿಲ್ಲ.

"ಪೆಟ್ಟಿಗೆಗೆ ಎಡ ಬಲ ಎಲ್ಲಿಂದ ಬರುತ್ತಮ್ಮ," ಎಂದ ಮುಂದಿದ್ದವನೊಬ್ಬ, ಏದುಸಿರು ಬಿಡುತ್ತ.

"ತಲೆ ಯಾವ ಕಡೆ ಇದೆ ಅಂತ ನೋಡಿದ್ರೆ ಗೊತ್ತಾಗಲ್ವಾ?"

ಅವಳ ದನಿ ಮೆಟ್ಟಿಲ ಸಂದಿಯಲ್ಲಿ ಸುತ್ತಿ ಎಲ್ಲ ಮಹಡಿಗಳಿಗೂ ಕೇಳಿಸಿತು. ಆ ದನಿ ಊರಿಗೆಲ್ಲ ಪರಿಚಯದ್ದೇ. ಬಸ್ ನಿಲ್ದಾಣದ ಗಾಜಿನ ಗೂಡಿನೊಳಗೆ ಕೂತು, ಯಾವ ಬಸ್ಸು ಎಲ್ಲಿ ಬಂದು ನಿಲ್ಲುತ್ತದೆ, ಯಾವುದು ತಡ, ಯಾವುದು ರದ್ದು ಎಂದು ದಿನವಿಡೀ ಹೇಳುವ ದನಿ ಅದು. ಅದಕ್ಕೇ ಅವಳಿಗೆ ಮೈಕು ಎಂದೇ ಹೆಸರು ಬಿದ್ದುಹೋಗಿತ್ತು. ತರಕಾರಿ ಅಂಗಡಿಯಲ್ಲಿ ಬಾಯಿ ಬಿಟ್ಟರೆ ಸಾಕು, ಅಕ್ಕಪಕ್ಕದವರು ತಮ್ಮ ಬಸ್ಸು ಬಂತೇನೋ ಎನ್ನುವಂತೆ ತಿರುಗಿ ನೋಡುತ್ತಿದ್ದರು.

ಕೆಳಗಿನ ಮನೆಯ ಟೈಲರ್ ಅತ್ತೆ ಬಾಗಿಲಿನಿಂದ ತಲೆ ಹೊರಗೆ ಹಾಕಿದಳು. "ಸ್ವಲ್ಪ ಮೆಲ್ಲಗೆ ಮಾತಾಡೇ. ಸತ್ತವರ ಮುಂದೆ ಹೀಗಾ ಕೂಗೋದು?"

"ಕೂಗದೆ ಇದ್ರೆ ಅಪ್ಪಂಗೆ..." ಎಂದು ಶುರು ಮಾಡಿದವಳು ಅಲ್ಲಿಗೇ ನಿಲ್ಲಿಸಿದಳು.

ಪೆಟ್ಟಿಗೆಯ ಅಡಿಯಲ್ಲಿ ಯಾರದೋ ಕೈ ಜಾರಿ ಮರ ಗೋಡೆಗೆ ಉಜ್ಜಿತು.

ಅಷ್ಟರಲ್ಲಿ ಕೆಳಗಿನಿಂದ ಸುತ್ತಿಗೆ ಮಾವ ಹತ್ತಿ ಬಂದ. ಅಪ್ಪನ ಜೊತೆ ಟ್ಯಾಂಕು ಕಾರ್ಖಾನೆಯಲ್ಲಿ ಕೆಲಸ ಮಾಡಿದವನು; ಬೋಳು ತಲೆ, ಸಲಿಕೆಯಂಥ ಅಂಗೈ. ಅವನಿಗೂ ಕಿವಿ ಅರೆಬರೆ. ಪೆಟ್ಟಿಗೆಯನ್ನು ಒಮ್ಮೆ ಮೇಲಿಂದ ಕೆಳಗೆ ನೋಡಿ, "ನಿಲ್ಲಿಸಿ ಅದನ್ನ," ಎಂದು ಅಬ್ಬರಿಸಿದ. "ನೆಟ್ಟಗೆ ನಿಲ್ಲಿಸಿ ಇಳಿಸಿ. ಇದಕ್ಕಿಂತ ಇಕ್ಕಟ್ಟಾದ ತೂತಲ್ಲಿ ಇಳಿದು ಅಭ್ಯಾಸ ಅವನಿಗೆ."

ಹಾಗೆ ಅಪ್ಪ ತನ್ನ ಮನೆಯ ಮೆಟ್ಟಿಲನ್ನು ಕೊನೆಯ ಸಲ ನಿಂತುಕೊಂಡೇ ಇಳಿದ.

ಅಮ್ಮ ಇಳಿಯಲಿಲ್ಲ. ಮಂಡಿ ಹಿಡಿದುಕೊಂಡು ಬಾಗಿಲಲ್ಲೇ ನಿಂತಿದ್ದಳು. ಮಗಳು ಚಪ್ಪಲಿ ಹುಡುಕಲು ಹಿಂದಿರುಗಿದಾಗ ಅವಳ ಮುಂಗೈ ಹಿಡಿದು, "ಮಣ್ಣು ಮಾಡಿ ಸೀದಾ ಮನೆಗೆ ಬನ್ನಿ," ಎಂದಳು.

"ದನಿಮನೆಗೆ ಹೋಗಿ ಬರ್ತೀವಿ."

"ಅಲ್ಲಿಗೆ ಹೋಗ್ಲೇಬೇಕಾ? ಮೂರು ದಿನದಿಂದ ಕಣ್ಣು ಮುಚ್ಚಿಲ್ಲ ನೀನು."

"ಇವತ್ತು ಬಿಟ್ರೆ ಇನ್ಯಾವತ್ತಮ್ಮ?"

ಅಮ್ಮ ಅವಳ ಮುಂಗೈ ಬಿಟ್ಟಳು.

*

ಸ್ಮಶಾನದ ಹಿಂದಿನ ದಿಬ್ಬದ ಮೇಲೆ ದನಿಮನೆ. ಅದನ್ನು ಕಟ್ಟಿದವರು ಯಾರೋ ಯಾರಿಗೂ ಗೊತ್ತಿಲ್ಲ. ಅದರ ಬಾಗಿಲು ಮಾತ್ರ ನಮ್ಮ ಕಡೆಗಿದೆ, ಉಳಿದದ್ದೆಲ್ಲ ಆಚೆ ಲೋಕದ್ದು ಎನ್ನುತ್ತಾರೆ. ಹೊರಗಿನಿಂದ ನೋಡಿದರೆ ಸಣ್ಣ ಅಂಚೆ ಕಚೇರಿಯಷ್ಟು. ಒಳಗೆ ಕಾಲಿಟ್ಟರೆ ತುದಿ ಕಾಣದ ಓಣಿಗಳು. ಮನುಷ್ಯ ಸತ್ತಾಗ, ಅವನು ಬದುಕಿನುದ್ದಕ್ಕೂ ಕೇಳಿಸಿಕೊಂಡು ಮನಸ್ಸಿನಲ್ಲಿ ಉಳಿಸಿಕೊಂಡ ಸದ್ದುಗಳೆಲ್ಲ ಅಲ್ಲಿ ಹೋಗಿ ಒಂದು ಕೋಣೆಯಾಗಿ ಸೇರುತ್ತವೆ. ಮಣ್ಣಾದ ದಿನ ಹೊತ್ತು ಮುಳುಗುವ ತನಕ ಮನೆಯವರು ಹೋಗಿ ಕೂತು ಕೇಳಬಹುದು. ಆಮೇಲೆ ಕೋಣೆ ಆಚೆಗೆ ಸರಿದುಬಿಡುತ್ತದೆ. ಎಷ್ಟು ಬಡಿದುಕೊಂಡರೂ ಸಿಗುವುದಿಲ್ಲ.

ಎಲ್ಲರೂ ಹೋಗುವುದಿಲ್ಲ. ಹೋದವರೆಲ್ಲ ಸಮಾಧಾನದಿಂದ ಬರುವುದೂ ಇಲ್ಲ. ಕ್ಷೌರದಂಗಡಿಯವನ ಹೆಂಡತಿ ಗಂಡನ ಕೋಣೆಯಲ್ಲಿ ಅರ್ಧ ದಿನ ಕೂತು ಬರೀ ಕತ್ತರಿ ಸದ್ದು ಕೇಳಿ ಬಂದಳಂತೆ. ಇನ್ಯಾರದೋ ಮನೆಯಲ್ಲಿ ಯಾರಿಗೂ ಗೊತ್ತಿಲ್ಲದ ಹೆಂಗಸಿನ ದನಿ ಕೇಳಿಸಿ, ಅಣ್ಣತಮ್ಮಂದಿರು ಅಲ್ಲೇ ಕೈಕೈ ಮಿಲಾಯಿಸಿದ್ದರಂತೆ.

ಮಗಳಿಗೆ ಅಂಥ ಭಯವಿರಲಿಲ್ಲ. ಅಪ್ಪನ ಕೋಣೆಯಲ್ಲಿ ತನಗೆ ಸಿಗುವುದು ಸ್ವಲ್ಪವೇ ಎಂದು ಗೊತ್ತಿತ್ತು. ಸಿಗುವುದು ಒಂದೇ ಒಂದು. ಅದನ್ನು ಕೇಳಲೇಬೇಕಿತ್ತು.

*

ಅಪ್ಪನಿಗೆ ಕಾರ್ಖಾನೆಯಲ್ಲಿ 'ಒಳಗಿನವನು' ಎಂದು ಹೆಸರು. ಕಬ್ಬಿಣದ ದೊಡ್ಡ ದೊಡ್ಡ ನೀರಿನ ಟ್ಯಾಂಕುಗಳನ್ನು ಮಾಡುವ ಕಾರ್ಖಾನೆ ಅದು. ತಗಡುಗಳನ್ನು ಜೋಡಿಸಿ ಹೊರಗಿನಿಂದ ಕಾದ ಮೊಳೆ ತೂರಿಸಿ ಬಡಿಯುವಾಗ, ಒಳಗಿನಿಂದ ಒಬ್ಬ ಆ ಮೊಳೆಗೆ ಭಾರದ ಕಬ್ಬಿಣ ಒತ್ತಿ ಹಿಡಿಯಬೇಕು. ಅಪ್ಪ ಕಡ್ಡಿಯಂತೆ ಸಣಕಲು. ಮೇಲಿನ ತೂತಿನಲ್ಲಿ ಇಳಿಯಲು ಅವನಷ್ಟು ಹೇಳಿ ಮಾಡಿಸಿದ ಆಳು ಇನ್ನೊಬ್ಬನಿರಲಿಲ್ಲ. ಹೊರಗೆ ಸುತ್ತಿಗೆ ಮಾವ ಮತ್ತವನ ಜೊತೆಗಾರರು ಹೊಡೆಯುತ್ತಿದ್ದರೆ, ಒಳಗೆ ಅಪ್ಪ ಗಂಟೆಯೊಳಗಿನ ನಾಲಗೆಯ ಹಾಗೆ ಕೂತಿರುತ್ತಿದ್ದ. ಕಿವಿಗೆ ಹತ್ತಿ ತುರುಕಿಕೊಳ್ಳುತ್ತಿದ್ದ. ಹತ್ತಿ ಏನು ಮಾಡೀತು? ಮೂವತ್ತು ದಾಟುವ ಹೊತ್ತಿಗೆ ಒಂದು ಕಿವಿ ಹೋಯಿತು, ಇನ್ನೊಂದು ಅದರ ಹಿಂದೆಯೇ ಹೊರಟಿತು.

ಆಗಿನ್ನೂ ಮಗಳು ಹುಟ್ಟಿರಲಿಲ್ಲ. ಅಣ್ಣನಿಗೆ ಆರು ವರ್ಷ.

"ಎಲ್ಲ ಹೋದ ಮೇಲೆ ನಾನು ಹುಟ್ಟಿದೆ, ಅಲ್ವಾ?" ಎಂದು ಅವಳು ಚಿಕ್ಕವಳಿದ್ದಾಗ ಮುಖ ಊದಿಸಿಕೊಂಡು ಕೇಳುತ್ತಿದ್ದಳು.

"ಎಲ್ಲ ಎಲ್ಲಿ ಹೋಗಿತ್ತು? ಎಡಗಿವೀಲಿ ಚೂರು ಉಳಿದಿತ್ತು," ಎನ್ನುತ್ತಿದ್ದಳು ಅಮ್ಮ. "ನಿನ್ನ ಮೊದಲ್ನೇ ಅಳು ಕೇಳಿಸ್ಕೊಂಡಿದ್ದಾರೆ ನಿಮ್ಮಪ್ಪ. ಕೇಳು ಬೇಕಾದ್ರೆ."

ಅವಳು ಅಪ್ಪನ ಎದುರು ನಿಂತು, ತುಟಿ ದೊಡ್ಡದಾಗಿ ಬಿಡಿಸಿ ಕೇಳುತ್ತಿದ್ದಳು. ಅಪ್ಪನಿಗೆ ಆ ಕತೆ ಹೇಳುವುದೆಂದರೆ ಎಲ್ಲಿಲ್ಲದ ಹುರುಪು. "ಏನ್ ಅಳು ಅಂತೀಯ ಅದು. ಆಸ್ಪತ್ರೆ ಓಣೀಲಿ ನಿಂತಿದ್ದೆ. ಬಾಗಿಲು ಹಾಕಿತ್ತು. ಸೀಳಿಕೊಂಡು ಬಂತು ನೋಡು. ಕಾರ್ಖಾನೆ ಸೈರನ್ ಆದ್ರೂ ಒಂದು ಗಳಿಗೆ ಉಸಿರು ತಗೊಳುತ್ತೆ, ನೀನು ತಗೊಳ್ಲಿಲ್ಲ." ಹೇಳುತ್ತ ಎಡಗಿವಿಯನ್ನು ಮುಟ್ಟಿ ತೋರಿಸುತ್ತಿದ್ದ, ಅಳು ಇನ್ನೂ ಅಲ್ಲೇ ಇದೆ ಎನ್ನುವ ಹಾಗೆ. ಅವಳು ನಂಬಿದಳು. ಅದು ತನ್ನ ಪಾಲಿನ ಆಸ್ತಿ ಎಂದುಕೊಂಡಳು.

ಉಳಿದದ್ದಕ್ಕೆಲ್ಲ ಅವಳು ಅಪ್ಪನ ಮುಂದೆ ಹೋಗಿ ನಿಲ್ಲಬೇಕಿತ್ತು. ಬೆನ್ನು ಹಾಕಿ ಕೂತಿದ್ದರೆ ಭುಜ ತಟ್ಟಬೇಕು, ಕತ್ತಲಾದರೆ ದೀಪ ಹಾಕಬೇಕು, ಬಾಯಲ್ಲಿ ತುತ್ತಿದ್ದರೆ ನುಂಗಬೇಕು. ಅಷ್ಟು ಮಾಡುವಷ್ಟರಲ್ಲಿ ಹೇಳಬೇಕೆಂದಿದ್ದ ಮಾತಿನ ಸ್ವಾರಸ್ಯವೇ ಹೋಗಿರುತ್ತಿತ್ತು. ಆದರೂ ಮನೆಯಲ್ಲಿ ಎಲ್ಲರೂ ಕೂಗಿಯೇ ಮಾತಾಡುತ್ತಿದ್ದರು. ಕೂಗಿದರೆ ಕೇಳಿಸೀತೆಂದಲ್ಲ, ಕೂಗಿದರೆ ತುಟಿ ಚೆನ್ನಾಗಿ ತೆರೆದುಕೊಳ್ಳುತ್ತದೆಂದು.

*

ಮಣ್ಣು ಮಾಡುವುದೂ ಸಲೀಸಾಗಿ ಆಗಲಿಲ್ಲ. ಗುಂಡಿ ಗಿಡ್ಡವಾಗಿತ್ತು. ಅಗೆಯುವವನು ಮತ್ತೆ ಹಾರೆ ಹಿಡಿದು ಇಳಿದ. ಜನ ಮರದ ನೆರಳಿಗೆ ಸರಿದು ನಿಂತು ತಮ್ಮ ತಮ್ಮ ಮಾತಿಗೆ ಬಿದ್ದರು.

"ಬಸ್ ಸ್ಟ್ಯಾಂಡಿಗೆ ಬರೋರು ನಿಮ್ಮಪ್ಪ," ಎಂದ ನಿಲ್ದಾಣದ ಟೀ ಅಂಗಡಿಯವನು ಅಣ್ಣನಿಗೆ. "ಇವಳು ಕೂರೋ ಗಾಜಿನ ಮುಂದಿನ ಬೆಂಚೇ ಆಗಬೇಕು ಅವರಿಗೆ. ಇವಳ ತುಟಿ ನೋಡ್ಕೊಂಡು, ಪಕ್ಕದಲ್ಲಿ ಕೂತ ಮುದುಕೀರಿಗೆ 'ಏಳಿ, ಏಳಿ, ನಿಮ್ಮ ಬಸ್ಸು ಬಂತು' ಅನ್ನೋರು. ಆ ದರಿದ್ರ ಸ್ಪೀಕರಲ್ಲಿ ಏನೂ ಅರ್ಥ ಆಗ್ತಿರಲಿಲ್ಲ, ನಿಮ್ಮಪ್ಪ ಹೇಳಿದ್ರೆ ಅರ್ಥ ಆಗೋದು."

ಜನ ನಕ್ಕರು. ಅಣ್ಣ ಕಣ್ಣೊರೆಸಿಕೊಂಡ. ಮಗಳಿಗೆ ಸಿಟ್ಟು ಬಂತು. ಯಾರ ಮೇಲೆಂದು ಗೊತ್ತಾಗಲಿಲ್ಲ. ಅಪ್ಪ ಬೆಂಚಿನಲ್ಲಿ ಕೂತಾಗಲೆಲ್ಲ ಅವಳು ಒಳಗಿನಿಂದ ಕೈ ಬೀಸಿ 'ಮನೆಗೆ ಹೋಗು' ಎನ್ನುತ್ತಿದ್ದಳು. ಅಪ್ಪ ಅದನ್ನು ಟಾಟಾ ಎಂದುಕೊಂಡು ತಾನೂ ಕೈ ಬೀಸುತ್ತಿದ್ದ.

"ಹೊತ್ತು ಇಳೀತಿದೆ," ಎಂದಳು ಗುಂಡಿಯೊಳಗೆ ಬಗ್ಗಿ. "ಇನ್ನೂ ಎಷ್ಟು ಅಗೀತೀಯಪ್ಪ?"

"ಸತ್ತವರಿಗಿಲ್ಲದ ಅವಸರ ನಿಮಗ್ಯಾಕಮ್ಮ," ಎಂದ ಅವನು, ತಲೆ ಎತ್ತದೆ.

ಮಣ್ಣು ಮುಚ್ಚಿ ದಿಬ್ಬ ಹತ್ತುವಾಗ ಮೂವರೇ ಉಳಿದಿದ್ದರು: ಮಗಳು, ಅಣ್ಣ, ಸುತ್ತಿಗೆ ಮಾವ. ಮಾವನನ್ನು ಯಾರೂ ಕರೆದಿರಲಿಲ್ಲ. ಬೇಡ ಅಂದರೂ ಕೇಳಿಸಿಕೊಳ್ಳುವ ಪೈಕಿಯಲ್ಲ ಎಂದು ಸುಮ್ಮನಾದರು.

ದನಿಮನೆಯ ಬಾಗಿಲಲ್ಲಿ ಒಬ್ಬ ಹೆಂಗಸು ಕೂತಿದ್ದಳು. ವಯಸ್ಸು ಇಷ್ಟೆಂದು ಹೇಳಲಾಗದ ಮುಖ. ಮಾತಾಡುವಾಗ ಉಸಿರಾಡುತ್ತಿರುವಂತೆ ಕಾಣಲಿಲ್ಲ. ಯಾರ ಮನೆಯವರೆಂದು ಕೇಳದೆಯೇ ಎದ್ದು ಓಣಿಯೊಳಗೆ ಮುಂದೆ ನಡೆದಳು. ಎರಡೂ ಬದಿಗೆ ಬಾಗಿಲುಗಳು. ಒಂದರೊಳಗೆ ಯಾರೋ ಕೆಮ್ಮುತ್ತಿದ್ದರು, ಇನ್ನೊಂದರೊಳಗೆ ಹೊಲಿಗೆ ಯಂತ್ರ ಓಡುತ್ತಿತ್ತು. ಒಂದು ಬಾಗಿಲ ಮುಂದೆ ನಿಂತು, "ಕೂತ್ಕೊಳ್ಳಿ. ಮೊದಲಿನಿಂದ ಬರುತ್ತೆ. ನಿಲ್ಸೋಕಾಗಲ್ಲ, ತಿರುಗಿ ಕೇಳೋಕಾಗಲ್ಲ," ಎಂದಳು.

ಬರಿಯ ಕೋಣೆ. ಗೋಡೆಯುದ್ದಕ್ಕೂ ಬೆಂಚು, ಎತ್ತರದಲ್ಲೊಂದು ಸಣ್ಣ ಕಿಟಕಿ. ಅಣ್ಣ ತಂಗಿ ಬೆಂಚಿನ ಮೇಲೆ ಕೂತರು. ಸುತ್ತಿಗೆ ಮಾವ ನೆಲದ ಮೇಲೆ ಕೂತು ಗೋಡೆಗೆ ಒರಗಿದ.

ಮೊದಲು ಬಂದದ್ದು ರಾಟೆಯ ಕಿರುಗುಟ್ಟುವ ಸದ್ದು, ನೀರಿಗೆ ಕೊಡ ಬಡಿದ ಸದ್ದು. ಆಮೇಲೆ ಯಾರೋ ಹೆಂಗಸು ಊಟಕ್ಕೆ ಕರೆದಳು. ಇಬ್ಬರೂ ಮುಖ ಮುಖ ನೋಡಿಕೊಂಡರು. ತಾವು ಹುಟ್ಟುವ ಮೊದಲೇ ತೀರಿಕೊಂಡ ಅಜ್ಜಿ ಇರಬೇಕು. ದನಿಯ ಕೊನೆಯಲ್ಲಿ ಅಪ್ಪನ ಹಾಗೇ ಒಂದು ಎಳೆತ. ಸೈಕಲ್ಲಿನ ಗಂಟೆ. ಒಣ ಎಲೆಯ ಮೇಲೆ ಓಟ. ಮತ್ತೆ ಒಮ್ಮೆಲೇ ಸುತ್ತಿಗೆ, ಕಬ್ಬಿಣದ ಮೇಲೆ ಸುತ್ತಿಗೆ, ಕೋಣೆ ಬಿರಿಯುವಂತೆ. ಅಣ್ಣ ತಲೆ ತಗ್ಗಿಸಿ ಕಿವಿ ಮುಚ್ಚಿಕೊಂಡ. ಮಾವ ಮಾತ್ರ ಹಳೆಯ ಸ್ನೇಹಿತನೊಬ್ಬ ಒಳಗೆ ಬಂದನೇನೋ ಎಂಬಂತೆ ನೆಟ್ಟಗೆ ಕೂತ.

ಸುತ್ತಿಗೆ ನಿಂತಾಗ ಒಬ್ಬಳು ನಗುತ್ತಿದ್ದಳು. ತಡೆಯಲಾಗದೆ, ಉಸಿರು ಸಿಕ್ಕಿಕೊಂಡು, 'ಸಾಕು, ಸಾಕು' ಎನ್ನುತ್ತ ಮತ್ತೆ ನಗು. ಮಗಳಿಗೆ ಗುರುತು ಹತ್ತಲು ಸ್ವಲ್ಪ ಹೊತ್ತು ಹಿಡಿಯಿತು. ಅಮ್ಮ ಹಾಗೆ ನಕ್ಕದ್ದನ್ನು ಅವಳು ಯಾವತ್ತೂ ಕೇಳಿರಲಿಲ್ಲ.

ಅದರ ಮೇಲೆ ಅಣ್ಣ ಬಂದ. ತೊದಲುತ್ತ, ಉಗುಳು ಗುಳ್ಳೆ ಮಾಡುತ್ತ ಬಂದ. ಎಣಿಸಲು ಕಲಿತು 'ಒಂದು, ಎರಡು, ನಾಲ್ಕು' ಎಂದ. 'ಮೂರು ಎಲ್ಲಿ ಹೋಯ್ತೋ' ಎಂದು ಅಮ್ಮ ಕೇಳಿದರೆ 'ಕೆಲಸಕ್ಕೆ ಹೋಯ್ತು' ಎಂದ. ಬೆಂಚಿನ ಮೇಲಿನ ಅಣ್ಣ, ತಲೆ ನರೆಯುತ್ತಿರುವ ಅಣ್ಣ, ಬಿಕ್ಕಿ ಬಿಕ್ಕಿ ಅತ್ತ.

"ಎಲ್ಲ ಇಟ್ಕೊಂಡಿದ್ದಾರೆ ಕಣೇ," ಎಂದ. "ಒಂದನ್ನೂ ಬಿಟ್ಟಿಲ್ಲ."

"ಸುಮ್ನೆ ಕೇಳು," ಎಂದಳು ಅವಳು.

ವರ್ಷಕ್ಕೊಮ್ಮೆ ಬಂದು ಹೋಗುವವನು ಅಣ್ಣ. ಅಪ್ಪನ ಉಗುರು ಕತ್ತರಿಸಿದವಳು, ಮಾತ್ರೆ ನುಂಗಿಸಿದವಳು, ರಾತ್ರಿ ಹಾಸಿಗೆ ಬದಲಿಸಿದವಳು ತಾನು. ಕೋಣೆ ತುಂಬ ಅವನದೇ ದರ್ಬಾರು. ಹಾಗೆ ಯೋಚಿಸಿದ್ದಕ್ಕೆ ತನ್ನ ಮೇಲೇ ಅಸಹ್ಯವಾಗಿ ಇನ್ನಷ್ಟು ಕಿವಿಗೊಟ್ಟಳು. ಅವಳ ಸರದಿ ಬರುವುದು ಇನ್ನೇನು ಹತ್ತಿರವಿತ್ತು.

ಸದ್ದುಗಳು ಮಂಕಾಗತೊಡಗಿದವು, ದಪ್ಪ ಕಂಬಳಿಯಾಚೆಯಿಂದ ಬಂದ ಹಾಗೆ. ಅಮ್ಮನ ದನಿ ದೂರದಿಂದ, 'ಕೇಳಿಸ್ತಾ?' ಎಂದಿತು. ಸ್ವಲ್ಪ ಹೊತ್ತಿನ ಮೇಲೆ ಇನ್ನೂ ದೂರದಿಂದ, 'ಈಗ ಕೇಳಿಸ್ತಾ?'

ಆಮೇಲೆ ಏನೂ ಇಲ್ಲ. ಅವಳು ಕಾದಳು. ಕಿಟಕಿಯ ಬೆಳಕು ಗೋಡೆಯ ಮೇಲೆ ಕೆಂಪಾಗುತ್ತಿತ್ತು.

ಬಾಗಿಲಲ್ಲಿ ನಿಂತಿದ್ದ ಹೆಂಗಸು, "ದನಿ ಇಷ್ಟೇ," ಎಂದಳು.

"ಇನ್ನೊಂದಿದೆ. ನನ್ನ ಅಳು. ಹುಟ್ಟಿದಾಗಿನದು."

"ಇಲ್ಲ."

"ಇದೆ. ಆಸ್ಪತ್ರೆ ಓಣೀಲಿ ನಿಂತು ಕೇಳಿಸ್ಕೊಂಡಿದ್ದಾರೆ. ಎಡಗಿವೀಲಿ. ಸರಿಯಾಗಿ ನೋಡಿ ನೀವು."

"ನೋಡೋಕೆ ಏನಿದೆ ಇಲ್ಲಿ? ಅವರಿಗೆ ಕೇಳಿಸದ್ದು ಇಲ್ಲಿಗೆ ಬರಲ್ಲ."

"ಕೇಳಿಸಿತ್ತು ಅಂತ ಅವರೇ ಹೇಳ್ತಿದ್ರು. ನೂರು ಸಲ ಹೇಳಿದ್ದಾರೆ."

"ಅವರು ಹೇಳಿದ್ದು ನಿಮ್ಮ ಕೋಣೆಗೆ ಹೋಗುತ್ತೆ," ಎಂದಳು ಹೆಂಗಸು. ಆ ದನಿಯಲ್ಲಿ ಬಿರುಸೂ ಇರಲಿಲ್ಲ, ಕನಿಕರವೂ ಇರಲಿಲ್ಲ. "ಇದು ಅವರದು."

ಮಗಳು ಎದ್ದು ನಿಂತಳು. ನಿಲ್ದಾಣದಲ್ಲಿ ರೇಗಾಡುವ ಪ್ರಯಾಣಿಕರನ್ನು ಎಷ್ಟೋ ಕಂಡಿದ್ದಳು. ಬಸ್ಸು ರದ್ದಾಗಿದೆ ಎಂದು ತಾನು ಹೇಳಿದ ಮೇಲೂ ಗಾಜಿಗೆ ಬಡಿದು ಬಡಿದು ಕೇಳುವವರು. ಅವರ ಹಾಗೇ ಅವಳು ಕೇಳಿದ್ದನ್ನೇ ಕೇಳಿದಳು. ಕೋಣೆ ತಪ್ಪಿರಬೇಕು ಎಂದಳು. ಏನೋ ಕಳೆದುಹೋಗಿರಬೇಕು ಎಂದಳು. ನಿಮ್ಮ ಮೇಲಿನವರು ಯಾರಿದ್ದಾರೆ, ಕರೆಯಿರಿ ಎಂದಳು. ಹೆಂಗಸು ಪ್ರತಿ ಸಲವೂ ಅಷ್ಟೇ ಸಾವಧಾನದಿಂದ ಇಲ್ಲ ಎಂದಳು. ಅಣ್ಣ ನೆಲ ನೋಡುತ್ತಿದ್ದ.

"ಶ್," ಎಂದ ಸುತ್ತಿಗೆ ಮಾವ.

ಅವನು ಅಂಗೈಯನ್ನು ಗೋಡೆಗೆ ಒತ್ತಿ ಕೂತಿದ್ದ. "ಬಾಯಿ ಮುಚ್ಚಿ ಇಲ್ಲಿ ಕೈ ಇಡು. ಇನ್ನೂ ಮುಗಿದಿಲ್ಲ."

ಅವಳು ಒಲ್ಲದ ಮನಸ್ಸಿನಿಂದ ಅವನ ಪಕ್ಕ ಕುಕ್ಕರಗಾಲಲ್ಲಿ ಕೂತು ಕೈ ಇಟ್ಟಳು. ಕಿವಿಗೆ ಏನೂ ಇರಲಿಲ್ಲ. ಗೋಡೆಯೊಳಗೆ, ತೀರ ಆಳದಲ್ಲಿ, ಏನೋ ಬಡಿಯುತ್ತಿತ್ತು. ಸಣ್ಣಸಣ್ಣ ಏಟುಗಳು, ಒಂದರ ಹಿಂದೆ ಒಂದು. ಯಾವುದೋ ಮಗು ಮಂಚದಿಂದ ಹಾರಿ ಓಡಿದ ಹಾಗೆ. ಒಂದು ದಡ್. ಇನ್ನೊಂದು, ಅದಕ್ಕಿಂತ ಜೋರು. ನೆಲಕ್ಕೆ ಕಾಲು ಅಪ್ಪಳಿಸಿದ್ದು. ತಟ್ಟೆ ಎಸೆದದ್ದು. ಬಾಗಿಲು. ಮತ್ತೆ ಬಾಗಿಲು.

ಅವಳ ಕೈ ಗೋಡೆಯಿಂದ ತಾನಾಗಿ ಹಿಂದೆ ಬಂತು. ಆ ಬಾಗಿಲು ಅವಳಿಗೆ ಗೊತ್ತಿತ್ತು.

*

ಶಾಲೆಯ ಭಾಷಣ ಸ್ಪರ್ಧೆ. ಆಗ ಅವಳಿಗೆ ಹದಿನಾಲ್ಕೋ ಹದಿನೈದೋ. ಬೇಡವೆಂದರೂ ಅಪ್ಪ ಬಂದು ಮೊದಲ ಸಾಲಿನಲ್ಲಿ ಕೂತ, ಅವಳ ತುಟಿಯ ಮೇಲೆ ಕಣ್ಣು ನೆಟ್ಟು. ಭಾಷಣದ ನಡುವೆ, ಎಲ್ಲಕ್ಕಿಂತ ಮುಖ್ಯವಾದ ಮಾತಿಗೆ ಮೊದಲು, ಮೇಷ್ಟ್ರು ಹೇಳಿಕೊಟ್ಟಂತೆ ಅವಳು ಒಂದು ಕ್ಷಣ ನಿಂತಳು. ಅಪ್ಪ ಮುಗಿಯಿತೆಂದುಕೊಂಡ. ಎದ್ದು ನಿಂತು ಚಪ್ಪಾಳೆ ತಟ್ಟಿದ. ತಟ್ಟುತ್ತಲೇ ಇದ್ದ. ಮೊದಲು ಹಿಂದಿನ ಸಾಲು ನಕ್ಕಿತು, ಆಮೇಲೆ ಸಭೆಯೇ ನಕ್ಕಿತು. ಎಲ್ಲರೂ ಸಂತೋಷಪಡುತ್ತಿದ್ದಾರೆಂದು ಅಪ್ಪನೂ ತಿರುಗಿ ನೋಡಿ ನಕ್ಕ.

ಮುಖ್ಯವಾದ ಮಾತು ಬಾಯಲ್ಲೇ ಉಳಿಯಿತು. ಅವಳು ಮನೆಗೆ ಬಂದು ಬಾಗಿಲನ್ನು ಎಷ್ಟು ಜೋರಾಗಿ ಹಾಕಿಕೊಂಡಳೆಂದರೆ ಚೌಕಟ್ಟಿನ ಮೇಲಿನ ಗಾರೆ ಉದುರಿತು. ಸ್ವಲ್ಪ ಹೊತ್ತಿಗೆ ಅಪ್ಪ ಬಾಗಿಲು ತೆರೆದು ಇಣುಕಿದ.

"ಚೆನ್ನಾಗಿ ಮಾತಾಡಿದೆ."

"ಏನು ಮಾತಾಡಿದೆ ಅಂತ ಗೊತ್ತಾ ನಿಂಗೆ?" ಎಂದಳು ಗೋಡೆಯ ಕಡೆ ತಿರುಗಿ, ಬೇಕೆಂದೇ, ತುಟಿ ಕಾಣದ ಹಾಗೆ.

ಅಪ್ಪ ಸ್ವಲ್ಪ ಹೊತ್ತು ಅವಳ ಬೆನ್ನು ನೋಡುತ್ತ ನಿಂತ. ಆಮೇಲೆ ಪೊರಕೆ ತಂದು ಗಾರೆ ಗುಡಿಸಿದ.

ಅದೊಂದೇ ಸಲವಲ್ಲ. ಕೂಗಿದ್ದು ತಲುಪದಿದ್ದಾಗ ಕಾಲು, ಕಾಲು ಸಾಲದಾದಾಗ ಬಾಗಿಲು. ದೊಡ್ಡವಳಾಗಿ ಸಂಬಳ ತರುವವಳಾದ ಮೇಲೂ ಆ ಚಾಳಿ ಬಿಟ್ಟಿರಲಿಲ್ಲ.

*

"ಇದನ್ನಾ?" ಎಂದಳು. "ಇಷ್ಟು ವರ್ಷ ಗಂಟಲು ಹರಿದುಕೊಂಡು ಮಾತಾಡಿದೆ. ಇಟ್ಕೊಂಡಿದ್ದು ಇದನ್ನಾ?"

"ಒಳಗಿದ್ದಾಗ ಅವನು ಕಿವೀಲಿ ಕೇಳ್ತಿರಲಿಲ್ಲ," ಎಂದ ಮಾವ ಗೋಡೆಯಿಂದ ಕೈ ತೆಗೆಯದೆ. "ಹೊರಗೆ ನಾವು ಎಷ್ಟು ಜನ ಹೊಡೀತಿದ್ರೂ, ಮೇಲೆ ಬಂದು 'ಇವತ್ತು ನಿನ್ನ ಏಟು ಸರಿಯಿಲ್ಲ, ಮನೇಲೇನು ಜಗಳಾನಾ' ಅಂತ ನನ್ನನ್ನೇ ಕೇಳೋನು. ಕೈಗೆ ತಾಗೋ ಏಟಿನಲ್ಲೇ ಆಳು ಗೊತ್ತಾಗೋದು ಅವನಿಗೆ."

"ನಂಗೆ ಅದು ಬೇಡ ಮಾವ."

"ಆಂ?"

"ಬೇಡ ಅಂದೆ," ಎಂದು ಕೂಗಿದಳು.

ಆದರೂ ಕೈ ಮತ್ತೆ ಗೋಡೆಗೆ ಹೋಯಿತು. ಬಡಿತಗಳು ನಿಧಾನವಾಗಿದ್ದವು. ಈಗ ಬರೀ ಹೆಜ್ಜೆ. ಮಂಚದ ಹತ್ತಿರ ಬಂದು ನಿಂತ ಹೆಜ್ಜೆ, ಹೋದ ಹೆಜ್ಜೆ, ಮತ್ತೆ ಬಂದ ಹೆಜ್ಜೆ. ಕಾಯಿಲೆಯ ದಿನಗಳವು. ಬೇಸತ್ತು, ನಿದ್ದೆಗೆಟ್ಟು, ಒಂದೊಂದು ಕಾಲೂ ಮಣಭಾರವಾಗಿ ಬಂದ ಹೆಜ್ಜೆಗಳು. ಅವಳು ಗೋಡೆಗೆ ಬಾಯಿ ಹತ್ತಿರ ತಂದು, "ಅಪ್ಪ," ಎಂದಳು. ಮೆಲ್ಲಗೆ ಇನ್ನೇನೋ ಸೇರಿಸಿದಳು.

"ಹೊಸದೇನೂ ಒಳಗೆ ಹೋಗಲ್ಲ," ಎಂದಳು ಬಾಗಿಲ ಹೆಂಗಸು. "ಏಳಿ, ಹೊತ್ತಾಯ್ತು."

ಕಿಟಕಿಯ ಕೆಂಪು ಆರಿತು. ಮೂವರೂ ಹೊರಗೆ ಓಣಿಗೆ ಬಂದು ತಿರುಗಿ ನೋಡುವಷ್ಟರಲ್ಲಿ ಬಾಗಿಲಿದ್ದ ಕಡೆ ಬರೀ ಗೋಡೆ.

*

ದಿಬ್ಬ ಇಳಿಯುವಾಗ ಮಾವ ಮುಂದೆ ನಡೆದ. ಅಣ್ಣ ಹಿಂದುಳಿದು ಅವಳ ಹೆಜ್ಜೆಗೆ ಹೆಜ್ಜೆ ಸೇರಿಸಿದ.

"ಒಂದು ಮಾತು ಹೇಳ್ತೀನಿ, ರೇಗಬೇಡ."

"ಹೇಳು."

"ನೀನು ಹುಟ್ಟಿದಾಗ ಅಪ್ಪನ ಜೊತೆ ಓಣೀಲಿ ನಾನೂ ಇದ್ದೆ. ಒಳಗಿಂದ ನೀನು ಅಳೋಕೆ ಶುರು ಮಾಡಿದೆ. ಅಪ್ಪ ಬಾಗಿಲನ್ನೇ ನೋಡ್ತಾ ನಿಂತಿದ್ರು, ಮುಖದಲ್ಲಿ ಏನೂ ಇರಲಿಲ್ಲ. ನಿಂದು ಕರ್ಕಶ ಅಂದ್ರೆ ಕರ್ಕಶ. ನಾನು ಎರಡೂ ಕಿವಿ ಮುಚ್ಕೊಂಡೆ. ಅಪ್ಪ ಅದನ್ನ ನೋಡಿದ್ರು. ನೋಡಿ, 'ಅಳ್ತಿದ್ಯಾ?' ಅಂದ್ರು. ಹೂಂ ಅಂದೆ. 'ಜೋರಾ?' ಅಂದ್ರು. ಜೋರು ಅಂದೆ. ನನ್ನನ್ನ ಎತ್ತಿಕೊಂಡು ಓಣಿ ತುಂಬಾ ಕುಣಿದ್ರು."

ಅವಳು ನಿಂತಳು. "ಇಷ್ಟು ವರ್ಷ ಯಾಕೆ ಬಾಯಿ ಬಿಡ್ಲಿಲ್ಲ?"

"ಅಪ್ಪ ಅಷ್ಟು ಖುಷಿಯಾಗಿ ಹೇಳೋರು. ಕೇಳಿ ಕೇಳಿ ನನಗೇ ಅನುಮಾನ, ನಿಜವಾಗ್ಲೂ ಕೇಳಿಸಿತ್ತೇನೋ ಅಂತ."

"ಅಮ್ಮಂಗೆ ಗೊತ್ತಾ?"

"ಆ ಕತೆ ಕಟ್ಟಿದ್ದೇ ಅಮ್ಮ ಅಂತ ಕಾಣುತ್ತೆ."

"ಚೆನ್ನಾಗಿದೆ," ಎಂದಳು. "ಬರದೆ ಇರೋ ಬಸ್ಸಿಗೆ ಎಲ್ಲರೂ ಸೇರಿ ನನ್ನ ನಿಲ್ಲಿಸಿದ್ರಿ. ಚೀಲ ಹಿಡ್ಕೊಂಡು ನಿಂತಿದ್ದೆ ನಾನು, ಇಷ್ಟು ವರ್ಷ."

ಅವಳು ದಾಪುಗಾಲು ಹಾಕಿ ಮುಂದೆ ನಡೆದಳು. ಅಮ್ಮನಿಗೆ ಏನೇನು ಕೇಳಬೇಕೆಂದು ದಾರಿಯುದ್ದಕ್ಕೂ ಜೋಡಿಸಿಕೊಂಡಳು. ಅದಕ್ಕೇ ಬೆಳಿಗ್ಗೆ ಕೈ ಹಿಡಿದು ಹೋಗಬೇಡ ಅಂದೆಯಲ್ಲ. ಸುಳ್ಳು ಸಿಕ್ಕಿಬೀಳುತ್ತೆ ಅಂತ.

ಮನೆಯಲ್ಲಿ ಜನ ತುಂಬಿದ್ದರು. ಟೈಲರ್ ಅತ್ತೆ ಎಲ್ಲರಿಗೂ ಚಹಾ ಕೊಡುತ್ತಿದ್ದಳು. ಯಾರ ಮುಖವನ್ನೂ ನೋಡದೆ ಮಗಳು ಒಳಕೋಣೆಗೆ ಹೋದಳು. ಅಪ್ಪನ ಮಂಚದ ಹತ್ತಿರ, ಬಾಗಿಲಿಗೆ ಬೆನ್ನು ಹಾಕಿ, ಅಮ್ಮ ಹೊದಿಕೆಗಳನ್ನು ಮಡಿಸುತ್ತಿದ್ದಳು.

ಹೊರಗೆ ಜನ. ಕೂಗುವ ಹಾಗಿರಲಿಲ್ಲ. ಹುಟ್ಟಿದಾಗಿನಿಂದ ಆ ಮನೆಯಲ್ಲಿ ಆಡದಷ್ಟು ತಗ್ಗಿದ ದನಿಯಲ್ಲಿ, "ಯಾಕಮ್ಮ ಸುಳ್ಳು ಹೇಳಿದೆ?" ಎಂದಳು.

ಅಮ್ಮ ಹೊದಿಕೆಯ ಅಂಚಿಗೆ ಅಂಚು ಸೇರಿಸಿದಳು.

"ನಾನು ಕೇಳ್ತಿರೋದು ನಿನ್ನನ್ನೇ."

ಅಮ್ಮ ಅದನ್ನು ಮಂಚದ ಮೇಲಿಟ್ಟು ಇನ್ನೊಂದನ್ನು ಎತ್ತಿಕೊಂಡಳು. ಕೊಡವಿದಳು. ಮಗಳಿಗೆ ಮೈ ಉರಿಯಿತು. ಬೇಕೆಂದೇ ಮಾಡುತ್ತಿದ್ದಾಳೆ. ಒಂದು ಹೆಜ್ಜೆ ಒಳಗಿಟ್ಟು, ಊರಿನ ಉಳಿದ ಮನೆಗಳಲ್ಲಿ ಜನ ಮಾತಾಡುವಷ್ಟೇ ದನಿಯಲ್ಲಿ, "ಅಮ್ಮ," ಎಂದಳು.

ಅಮ್ಮ ತಿರುಗಲಿಲ್ಲ. ಹೊದಿಕೆಯ ಅಂಚನ್ನು ಗಲ್ಲದಲ್ಲಿ ಅದುಮಿ ಹಿಡಿದು, ತನ್ನ ಪಾಡಿಗೆ ತಾನು, ಕೆಳಗಿನ ಅಂಚಿಗೆ ಕೈ ಚಾಚಿದಳು.

ಮಗಳು ಅಲ್ಲೇ ನಿಂತಳು. ಬಾಯಲ್ಲಿದ್ದ ಮಾತುಗಳೆಲ್ಲ ಒಂದೊಂದಾಗಿ ತಣ್ಣಗಾದವು. ಈ ಮನೆಯಲ್ಲಿ ಯಾರು ಯಾವತ್ತು ಮೆಲ್ಲಗೆ ಮಾತಾಡಿದ್ದರು, ಅಮ್ಮನಿಗೆ ಕೇಳಿಸುತ್ತಿದೆಯೋ ಇಲ್ಲವೋ ಎಂದು ಗಮನಕ್ಕೆ ಬರುವುದಕ್ಕೆ?

ನೆರಳು ಗೋಡೆಯ ಮೇಲೆ ಬಿದ್ದಾಗ ಅಮ್ಮ ಬೆಚ್ಚಿ ತಿರುಗಿದಳು. "ಯಾವಾಗ ಬಂದೆ?" ಎಂದಳು ಜೋರಾಗಿ. ಕಣ್ಣು ಮಗಳ ಕಣ್ಣಿನ ಮೇಲಿರಲಿಲ್ಲ. ಸ್ವಲ್ಪ ಕೆಳಗೆ, ತುಟಿಯ ಮೇಲಿತ್ತು.

"ಈಗ."

"ಏನಂದೆ?"

ಮಗಳು ಹೋಗಿ ಮಂಚದ ಮೇಲೆ ಅಮ್ಮನನ್ನು ಕೂರಿಸಿದಳು. ಪಕ್ಕದಲ್ಲಿ ತಾನೂ ಕೂತಳು. ಅಮ್ಮನ ಕಿವಿಯ ಮೇಲಿನ ಬಿಳಿ ಕೂದಲನ್ನು ಬೆರಳಿನಿಂದ ಹಿಂದಕ್ಕೆ ಸರಿಸಿ ಬಗ್ಗಿದಳು. ಅಮ್ಮ ಅರ್ಧ ಮಡಿಸಿದ ಹೊದಿಕೆಯನ್ನು ಎದೆಗವಚಿಕೊಂಡು, ಕಣ್ಣು ಮುಚ್ಚಿ, ತಲೆಯನ್ನು ಅವಳ ಕಡೆಗೆ ವಾಲಿಸಿದಳು.

"ಹೇಳು," ಎಂದಳು.

ಮಗಳ ಬಾಯಿ ಅಮ್ಮನ ಕಿವಿಯ ಹತ್ತಿರವೇ ತೆರೆದಿತ್ತು, ಯಾವುದನ್ನು ಮೊದಲು ಹೇಳಬೇಕೆಂದು ತಿಳಿಯದೆ.